ಜಮೀನಿನ ದಾವೆಯಲ್ಲಿ ಎರಡನೇ ಅಪೀಲು: ಕಲಬುರಗಿ ಹೈಕೋರ್ಟ್ ಪೀಠದ ಮೆಟ್ಟಿಲು ಹತ್ತುವವರಿಗೆ ಸಮಗ್ರ ಮಾರ್ಗದರ್ಶಿ

ತಾಲೂಕು ಕೋರ್ಟಿನಲ್ಲಿ ಒಂದು ತೀರ್ಪು ಆಯಿತು, ಅಪೀಲಿನಲ್ಲಿ ಇನ್ನೊಂದು ಆಯಿತು, ಹೊಲ ಮಾತ್ರ ಕೈಗೆ ಬರಲಿಲ್ಲ. ಆಗ ಊರಿನ ಹಿರಿಯರೋ ಕೋರ್ಟ್ ಅಂಗಳದ ಪರಿಚಯಸ್ಥರೋ "ಇನ್ನೂ ಹೈಕೋರ್ಟ್ ಅದ, ಅಲ್ಲಿ ಹೋಗ್ರಿ" ಎನ್ನುತ್ತಾರೆ. ಹೈಕೋರ್ಟ್ ಇದೆ, ಸರಿ. ಆದರೆ ಕೆಳಗಿನ ಎರಡು ಕೋರ್ಟುಗಳು ಮಾಡಿದ ಕೆಲಸವನ್ನೇ ಅದು ಮೂರನೇ ಸಲ ಮಾಡುವುದಿಲ್ಲ. ಸಾಕ್ಷಿದಾರ ಹೇಳಿದ್ದು ಖರೆಯೋ ಸುಳ್ಳೋ, ಬದುವಿನ ಕಲ್ಲು ಕಿತ್ತವರು ಯಾರು, ಆ ವರ್ಷ ತೊಗರಿ ಬಿತ್ತಿದವರು ಯಾರು ಎಂಬುದೆಲ್ಲ ಮೊದಲ ಅಪೀಲಿಗೇ ಮುಗಿದ ಮಾತು. ಸಿವಿಲ್ ಪ್ರಕ್ರಿಯಾ ಸಂಹಿತೆಯ, ಅಂದರೆ ಸಿಪಿಸಿಯ, 100ನೇ ಕಲಮಿನ ಪ್ರಕಾರ ಎರಡನೇ ಅಪೀಲು ನಿಲ್ಲಬೇಕಾದರೆ ಪ್ರಕರಣದಲ್ಲಿ ಮಹತ್ವದ ಕಾನೂನು ಪ್ರಶ್ನೆ ಇರಲೇಬೇಕು. ಬೇರೆ ಯಾವ ಕಾರಣಕ್ಕೂ ಎರಡನೇ ಅಪೀಲು ಇಲ್ಲ ಎಂದು 101ನೇ ಕಲಂ ಮತ್ತೊಮ್ಮೆ ಒತ್ತಿ ಹೇಳುತ್ತದೆ. ಈ ಬಿಗಿ ಬಂದದ್ದು 1976ರ ತಿದ್ದುಪಡಿಯಿಂದ.

ಹಾಗಾಗಿ ನಿಮ್ಮ ಕೈಯಲ್ಲಿರುವ 90 ದಿನಗಳಲ್ಲಿ ಮಾಡಬೇಕಾದ ದೊಡ್ಡ ಕೆಲಸವೆಂದರೆ ಆ ಪ್ರಶ್ನೆಯನ್ನು ಹುಡುಕುವುದು. ಉಳಿದದ್ದು ಕಾಗದ, ಶುಲ್ಕ, ತಾರೀಖು.

ಮೊದಲು ನೋಡಬೇಕಾದ್ದು: ನಿಮ್ಮ ದಾರಿ ಇದೇ ಹೌದೇ?

ಕೊನೆಯ ತೀರ್ಪಿನ ಮೊದಲ ಪುಟ ತೆಗೆಯಿರಿ. ಅಲ್ಲಿ ಆರ್‌ಎ (ರೆಗ್ಯುಲರ್ ಅಪೀಲ್) ಎಂಬ ಅಕ್ಷರಗಳ ಮುಂದೆ ಸಂಖ್ಯೆ ಇದ್ದು, ತೀರ್ಪು ಕೊಟ್ಟವರು ಹಿರಿಯ ಸಿವಿಲ್ ನ್ಯಾಯಾಧೀಶರೋ ಜಿಲ್ಲಾ ನ್ಯಾಯಾಧೀಶರೋ ಆಗಿದ್ದರೆ, ಮುಂದಿನ ಮೆಟ್ಟಿಲು ಹೈಕೋರ್ಟಿನಲ್ಲಿ ಆರ್‌ಎಸ್‌ಎ, ಅಂದರೆ ರೆಗ್ಯುಲರ್ ಸೆಕೆಂಡ್ ಅಪೀಲ್. ಎದುರಾಳಿ ಹಾಜರಾಗದೆ ಏಕಪಕ್ಷೀಯವಾಗಿ ಆದ ಅಪೀಲು ಡಿಕ್ರಿಯ (ತೀರ್ಪಿನ ಫಲವನ್ನು ವಿಧಿವತ್ತಾಗಿ ಬರೆದ ಆದೇಶದ) ಮೇಲೂ ಇದನ್ನು ಹಾಕಬಹುದು.

ದಾವೆಯ ಮೌಲ್ಯ ದೊಡ್ಡದಿದ್ದು ಮೊದಲ ಅಪೀಲೇ ಹೈಕೋರ್ಟಿಗೆ ಆರ್‌ಎಫ್‌ಎ (ರೆಗ್ಯುಲರ್ ಫಸ್ಟ್ ಅಪೀಲ್) ಆಗಿ ಹೋಗಿದ್ದರೆ ಅಲ್ಲಿ ಎರಡನೇ ಅಪೀಲಿಲ್ಲ. ಏಕಸದಸ್ಯ ಪೀಠದ ತೀರ್ಪಿನ ಮೇಲೆ ಅದೇ ಹೈಕೋರ್ಟಿನಲ್ಲಿ ಮತ್ತೆ ಅಪೀಲು ಹೋಗುವುದನ್ನು 100ಎ ಕಲಂ ತಡೆಯುತ್ತದೆ. ಉಳಿಯುವುದು ಸುಪ್ರೀಂ ಕೋರ್ಟ್. ಇನ್ನು ಮಧ್ಯಂತರ ಅರ್ಜಿಯ ಮೇಲೆ ತಾತ್ಕಾಲಿಕ ತಡೆಯಾಜ್ಞೆ ಕೊಟ್ಟ ಅಥವಾ ಕೊಡದ ಆದೇಶ. ಅದರ ಮೇಲಿನ ಅಪೀಲು ಎಂಎ (ಮಿಸಲೇನಿಯಸ್ ಅಪೀಲ್) ಎಂದು ದಾಖಲಾಗಿ ತೀರ್ಮಾನವಾಗಿದ್ದರೆ 104(2)ನೇ ಕಲಂ ಮುಂದಿನ ಅಪೀಲನ್ನು ಮುಚ್ಚುತ್ತದೆ. ಅಂಥವರು ಸಂವಿಧಾನದ 227ನೇ ವಿಧಿಯಡಿ ರಿಟ್ ಹಾಕುತ್ತಾರೆ. 25,000 ರೂಪಾಯಿ ಮೀರದ ಹಣ ವಸೂಲಿ ದಾವೆಗೂ ಎರಡನೇ ಅಪೀಲಿಲ್ಲ ಎನ್ನುತ್ತದೆ 102ನೇ ಕಲಂ. ಹೊಲಮನೆಯ ಹಕ್ಕಿನ ದಾವೆಗೆ ಅದು ಅಡ್ಡ ಬರುವುದಿಲ್ಲ.

ವಾಟ್ನಿ, ಅಂದರೆ ಆಸ್ತಿ ಪಾಲು ಮಾಡುವ, ದಾವೆಯವರಿಗೆ ಒಂದು ಎಚ್ಚರಿಕೆ. ಪಾಲು ಎಷ್ಟೆಂದು ನಿರ್ಧರಿಸುವುದು ಪ್ರಾಥಮಿಕ ಡಿಕ್ರಿ. "ಅಂತಿಮ ಡಿಕ್ರಿ ಆಗಲಿ, ಆಮೇಲೆ ನೋಡೋಣ" ಎಂದು ಕುಳಿತರೆ 97ನೇ ಕಲಮಿನಂತೆ ಆ ಪಾಲಿನ ತಕರಾರು ಅಲ್ಲಿಗೇ ಮುಗಿಯಿತು.

ಕಲಬುರಗಿ, ಬೀದರ್, ಯಾದಗಿರಿ ಜಿಲ್ಲೆಗಳ ಆರ್‌ಎಸ್‌ಎ ಹಾಕುವುದು ಹೈಕೋರ್ಟಿನ ಕಲಬುರಗಿ ಪೀಠದಲ್ಲಿ. ರಾಯಚೂರು ಮತ್ತು ವಿಜಯಪುರ ಕೂಡ ಇದರ ವ್ಯಾಪ್ತಿಗೇ ಸೇರಿವೆ. 2008ರಲ್ಲಿ ಸಂಚಾರಿ ಪೀಠ ಬಂದು, 2013ರಲ್ಲಿ ಅದು ಕಾಯಂ ಆಯಿತು. ಅದಕ್ಕೂ ಮುಂಚೆ ಬೀದರ್ ಜಿಲ್ಲೆಯ ಔರಾದಿನ ರೈತ ಒಂದು ತಾರೀಖಿಗಾಗಿ ಬೆಂಗಳೂರಿನ ತನಕ ರಾತ್ರಿಯಿಡೀ ಪ್ರಯಾಣ ಮಾಡಬೇಕಿತ್ತು.

90 ದಿನದ ಲೆಕ್ಕ

ಕಾಲಮಿತಿ ಕಾಯ್ದೆ 1963ರ 116ನೇ ಅನುಚ್ಛೇದದ ಪ್ರಕಾರ ಹೈಕೋರ್ಟಿಗೆ ಅಪೀಲು ಹಾಕಲು ಡಿಕ್ರಿಯ ದಿನದಿಂದ 90 ದಿನ. ಮೊದಲ ಅಪೀಲಿನಲ್ಲಿ ಜಿಲ್ಲಾ ಕೋರ್ಟಿಗೆ 30 ದಿನವಿತ್ತಲ್ಲ, ಅದರೊಂದಿಗೆ ಇದನ್ನು ಕಲಸಿಕೊಳ್ಳಬೇಡಿ. ತೀರ್ಪಿನ ದಿನವನ್ನು ಎಣಿಸುವುದಿಲ್ಲ. ದೃಢೀಕೃತ ನಕಲು ಪಡೆಯಲು ತಗುಲಿದ ದಿನಗಳನ್ನೂ 12ನೇ ಕಲಂ ಕಳೆದುಕೊಡುತ್ತದೆ.

ಒಂದು ಲೆಕ್ಕ ಮಾಡಿ ನೋಡೋಣ. ಮೊದಲ ಅಪೀಲು ವಜಾ ಆದದ್ದು 2025ರ ಜನವರಿ 10. ಬರೀ 90 ದಿನ ಎಣಿಸಿದರೆ ಏಪ್ರಿಲ್ 10ಕ್ಕೆ ಮುಗಿಯುತ್ತದೆ. ನೀವು ನಕಲಿಗೆ ಅರ್ಜಿ ಕೊಟ್ಟದ್ದು ಜನವರಿ 20, ನಕಲು ಸಿದ್ಧವಾದದ್ದು ಫೆಬ್ರವರಿ 12. ಈ ಎರಡೂ ದಿನ ಸೇರಿ 24 ದಿನ. ಅವನ್ನು ಸೇರಿಸಿದರೆ ಮೇ 4. ಅದು ಭಾನುವಾರ, ಜೊತೆಗೆ ಬೇಸಿಗೆ ರಜೆಯ ಸಮಯ. ಕೊನೆಯ ದಿನ ಕೋರ್ಟ್ ಮುಚ್ಚಿದ್ದರೆ ತೆರೆದ ದಿನ ಹಾಕಬಹುದು ಎಂದು 4ನೇ ಕಲಂ ಅವಕಾಶ ಕೊಡುತ್ತದೆ.

ಇದರಲ್ಲಿ ಜನ ಎಡವುವ ಜಾಗ ಎರಡು. ಜನವರಿ 10ರಿಂದ 20ರವರೆಗೆ ನೀವು ಅರ್ಜಿ ಕೊಡದೆ ಕಳೆದ ದಿನಗಳು ನಿಮ್ಮ ಲೆಕ್ಕಕ್ಕೇ ಬೀಳುತ್ತವೆ. ಫೆಬ್ರವರಿ 12ಕ್ಕೆ ನಕಲು ಸಿದ್ಧವಾಗಿಯೂ ನೀವು ಮಾರ್ಚ್ 3ಕ್ಕೆ ಹೋಗಿ ತೆಗೆದುಕೊಂಡರೆ ಆ ನಡುವಿನ ದಿನಗಳೂ ನಿಮ್ಮವೇ. ನಕಲಿನ ಕೊನೆಯ ಪುಟದ ಹಿಂದೆ ಒಂದು ಮುದ್ರೆ ಇರುತ್ತದೆ: ಅರ್ಜಿ ಕೊಟ್ಟ ದಿನ, ಶುಲ್ಕ ಕಟ್ಟಲು ಹೇಳಿದ ದಿನ, ಕಟ್ಟಿದ ದಿನ, ನಕಲು ಸಿದ್ಧವಾದ ದಿನ, ಕೊಟ್ಟ ದಿನ. ಹೈಕೋರ್ಟಿನ ಕಚೇರಿಯವರು ಮೊದಲು ತಿರುವಿ ನೋಡುವುದೇ ಆ ಮುದ್ರೆಯನ್ನು. ನಕಲು ಕೈಗೆ ಬಂದ ಕೂಡಲೇ ಅಲ್ಲಿ ತಾರೀಖುಗಳು ಓದುವಂತಿವೆಯೇ ಎಂದು ನೋಡಿಕೊಳ್ಳಿ. ಮಸಿ ಹರಡಿದ್ದರೆ ಅಲ್ಲಿಯೇ ನಿಂತು ಸರಿ ಮಾಡಿಸಿ.

ತಡವಾಗಿದ್ದರೆ ಕಾಲಮಿತಿ ಕಾಯ್ದೆಯ 5ನೇ ಕಲಮಿನಡಿ ವಿಳಂಬ ಮನ್ನಿಸುವ ಅರ್ಜಿ, ಜೊತೆಗೆ ಪ್ರಮಾಣಪತ್ರ. ಸಿಪಿಸಿಯ ಆದೇಶ 41ರ 3ಎ ನಿಯಮದಂತೆ ಅದನ್ನು ಅಪೀಲಿನ ಜೊತೆಗೇ ಕೊಡಬೇಕು, ಆಮೇಲೆ ಕೊಡುತ್ತೇನೆ ಎಂದರೆ ನಡೆಯದು. "ಮನೆಯಲ್ಲಿ ಅಡಚಣೆ ಇತ್ತು" ಎಂಬ ಒಂದು ಸಾಲಿಗೆ ಬೆಲೆ ಇಲ್ಲ. ಆಸ್ಪತ್ರೆಯ ಡಿಸ್ಚಾರ್ಜ್ ಕಾಗದ ಇದ್ದರೆ ಹಾಕಿ. ದುಡಿಮೆಗೆ ಮುಂಬೈ, ಪುಣೆ, ಹೈದರಾಬಾದ್ ಕಡೆ ಹೋಗಿದ್ದಿರಾದರೆ ಎಂದು ಹೋದಿರಿ, ಎಂದು ಬಂದಿರಿ, ತೀರ್ಪು ಆದದ್ದು ಯಾರಿಂದ ತಿಳಿಯಿತು ಎಂಬುದನ್ನು ತಾರೀಖಿನ ಸಮೇತ ಬರೆಯಿರಿ. "ಹಿಂದಿನ ವಕೀಲರು ತಿಳಿಸಲಿಲ್ಲ" ಎಂಬ ಕಾರಣವನ್ನು ಕೋರ್ಟುಗಳು ಕೇಳಿ ಕೇಳಿ ಬೇಸತ್ತಿವೆ. ಅದು ನಿಜವೇ ಆಗಿದ್ದರೂ ಆಧಾರವಿಲ್ಲದೆ ಬರೆಯಬೇಡಿ.

ಪ್ರಶ್ನೆ ಹುಡುಕುವ ಕೆಲಸ

ಇಲ್ಲಿ ನಿಧಾನ ಮಾಡಿ. ಎರಡೂ ತೀರ್ಪುಗಳನ್ನು ಪಕ್ಕಪಕ್ಕದಲ್ಲಿಟ್ಟು, ಪೆನ್ಸಿಲ್ ಹಿಡಿದು ಓದಿ. ಎಲ್ಲಿ ನಿಮಗೆ ಸಿಟ್ಟು ಬರುತ್ತದೋ ಅಲ್ಲಿ ಗುರುತು ಹಾಕುವುದು ಸಹಜ. ಆದರೆ ಬೇಕಾದದ್ದು ಬೇರೆ ಗುರುತು: ನ್ಯಾಯಾಧೀಶರು ಯಾವ ಕಾಗದದ ಮೇಲೆ, ಯಾವ ಕಾನೂನಿನ ತಿಳಿವಳಿಕೆಯ ಮೇಲೆ ಈ ತೀರ್ಮಾನಕ್ಕೆ ಬಂದರು?

ಒಂದು ಕಲ್ಪಿತ ಪ್ರಕರಣ ತೆಗೆದುಕೊಳ್ಳಿ. ಭಾಲ್ಕಿ ತಾಲೂಕಿನಲ್ಲಿ ಪಿತ್ರಾರ್ಜಿತ ಎಂಟು ಎಕರೆ, ಪಹಣಿ ಅಣ್ಣನ ಹೆಸರಿಗೆ. ತಂಗಿ ಪಾಲು ಕೇಳಿ ದಾವೆ ಹಾಕಿದಳು. ಅಣ್ಣ ಒಂದು ಕಾಗದ ತೋರಿಸಿದ: 1998ರಲ್ಲಿ ಬಂಗಾರ ತೆಗೆದುಕೊಂಡು ತಂಗಿ ತನ್ನ ಹಕ್ಕು ಬಿಟ್ಟುಕೊಟ್ಟಳು ಎಂದು ಸಾದಾ ಸ್ಟಾಂಪ್ ಕಾಗದದ ಮೇಲೆ ಬರೆದದ್ದು, ನೋಂದಣಿ ಆಗಿಲ್ಲ, ಪ್ರತಿವಾದಿ ಕಡೆಯ ನಾಲ್ಕನೇ ದಾಖಲೆಯಾಗಿ ನಿ.ಡಿ.4 ಎಂದು ಗುರುತಾಗಿದೆ. ಇಬ್ಬರು ಪಂಚರು ಸಾಕ್ಷಿ ಹೇಳಿದರು. ಎರಡೂ ಕೋರ್ಟು ನಂಬಿದವು, ದಾವೆ ವಜಾ ಆಯಿತು.

ತಂಗಿಯ ದೂರು: "ನಾನು ಸಹಿ ಮಾಡಿಲ್ಲ, ಪಂಚರು ಅಣ್ಣನ ಕಡೆಯವರು." ಇದನ್ನೇ ಹಿಡಿದು ಹೈಕೋರ್ಟಿಗೆ ಹೋದರೆ, ಎರಡು ಕೋರ್ಟುಗಳು ಒಂದೇ ಅಭಿಪ್ರಾಯಕ್ಕೆ ಬಂದ ವಾಸ್ತವಾಂಶವನ್ನು ಮುಟ್ಟುವುದಿಲ್ಲ ಎಂದು ಅಪೀಲು ಮೊದಲ ದಿನವೇ ಬಿದ್ದುಹೋಗಬಹುದು. ಆದರೆ ಆ ಕಾಗದದ ಒಳಗೇ ಬೇರೊಂದು ಎಳೆ ಇದೆ. ನೂರು ರೂಪಾಯಿ ಮತ್ತು ಅದಕ್ಕೂ ಮೀರಿದ ಸ್ಥಿರಾಸ್ತಿಯ ಹಕ್ಕನ್ನು ಬಿಟ್ಟುಕೊಡುವ ಪತ್ರ ನೋಂದಣಿ ಆಗಲೇಬೇಕು, ಆಗದಿದ್ದರೆ ಅದು ಆ ಹಕ್ಕಿನ ವ್ಯವಹಾರಕ್ಕೆ ಪುರಾವೆ ಆಗದು. ನೋಂದಣಿ ಕಾಯ್ದೆಯ 17 ಮತ್ತು 49ನೇ ಕಲಮುಗಳು ಹೇಳುವುದು ಇದನ್ನೇ. ಸಹಿ ನಿಜವೇ ಎಂದು ಒಪ್ಪಿಕೊಂಡರೂ ಈ ಪ್ರಶ್ನೆ ನಿಲ್ಲುತ್ತದೆ. ಅದೇ ಅದರ ಬಲ.

ಈಗ ಬರೆಯುವ ರೀತಿ ನೋಡಿ. "ಕೆಳಗಿನ ಕೋರ್ಟುಗಳು ಸಾಕ್ಷ್ಯವನ್ನು ಸರಿಯಾಗಿ ಪರಿಶೀಲಿಸದೆ ತಪ್ಪು ಮಾಡಿವೆಯೇ?" ಇದು ಯಾವ ಕೇಸಿಗೆ ಬೇಕಾದರೂ ಅಂಟಿಸಬಹುದಾದ ಚೀಟಿ, ಇದರಿಂದ ಉಪಯೋಗವಿಲ್ಲ. ಅದರ ಬದಲು: "ನೋಂದಣಿಯಾಗದ ಹಕ್ಕುಬಿಡುಗಡೆ ಪತ್ರವಾದ ನಿ.ಡಿ.4ನ್ನು ಆಧಾರವಾಗಿಟ್ಟುಕೊಂಡು ವಾದಿಯ ಪಾಲನ್ನು ನಿರಾಕರಿಸಿದ್ದು ನೋಂದಣಿ ಕಾಯ್ದೆಯ 17 ಮತ್ತು 49ನೇ ಕಲಮುಗಳಿಗೆ ವಿರುದ್ಧವೇ?" ಕಾಗದ ಯಾವುದು, ಕಾನೂನು ಯಾವುದು, ಉತ್ತರ ಬದಲಾದರೆ ತೀರ್ಪು ಹೇಗೆ ತಿರುಗುತ್ತದೆ ಎಂಬ ಮೂರೂ ಒಂದೇ ವಾಕ್ಯದಲ್ಲಿ ಬಂದವು. ಅಪೀಲು ಮೆಮೊದಲ್ಲಿ ಪ್ರಶ್ನೆಯನ್ನು ನಿಖರವಾಗಿ ಬರೆಯಲೇಬೇಕು ಎಂದು ಸಿಪಿಸಿಯ 100(3) ಹೇಳುವುದು ಸುಮ್ಮನಲ್ಲ. ಮೂರೋ ನಾಲ್ಕೋ ಗಟ್ಟಿ ಪ್ರಶ್ನೆ ಸಾಕು. ಹದಿನೈದು ಬರೆದರೆ ಒಂದೂ ಗಟ್ಟಿಯಿಲ್ಲ ಎಂದು ನ್ಯಾಯಮೂರ್ತಿಗಳು ಊಹಿಸುತ್ತಾರೆ, ಬಹುಮಟ್ಟಿಗೆ ಆ ಊಹೆ ಸರಿಯೂ ಇರುತ್ತದೆ.

ಅಣ್ಣನ ವಕೀಲರೂ ಸುಮ್ಮನಿರುವುದಿಲ್ಲ. ಇದು ಹಕ್ಕುಬಿಡುಗಡೆ ಪತ್ರವೇ ಅಲ್ಲ, ಮೊದಲೇ ಬಾಯಿಮಾತಿನಲ್ಲಿ ಆಗಿಹೋದ ವಾಟ್ನಿಯ ಯಾದಿ, ಯಾದಿಗೆ ನೋಂದಣಿ ಬೇಡ ಎನ್ನುತ್ತಾರೆ. ಸ್ಟಾಂಪ್ ಶುಲ್ಕದ ತಕರಾರನ್ನು ಕಾಗದ ಗುರುತು ಮಾಡುವಾಗಲೇ ಎತ್ತಬೇಕಿತ್ತು ಎನ್ನುತ್ತಾರೆ. ಸ್ಟಾಂಪಿನ ಮಟ್ಟಿಗೆ ಅವರ ಮಾತು ಸರಿ, ನೋಂದಣಿಯ ಮಟ್ಟಿಗೆ ಆ ಅಡ್ಡಿ ಇಲ್ಲ. ತಂಗಿಯ ಕಡೆಗೆ ಇನ್ನೂ ಒಂದು ಆಸರೆ ಇದೆ. 2005ರ ತಿದ್ದುಪಡಿಯಾದ ಹಿಂದೂ ಉತ್ತರಾಧಿಕಾರ ಕಾಯ್ದೆಯ 6ನೇ ಕಲಂ ಮಗಳಿಗೆ ಮಗನಷ್ಟೇ ಹಕ್ಕು ಕೊಟ್ಟಿದೆ. ಸುಪ್ರೀಂ ಕೋರ್ಟಿನ 2020ರ ವಿನೀತಾ ಶರ್ಮಾ ತೀರ್ಪು ಅದನ್ನು ಸ್ಪಷ್ಟಪಡಿಸಿ, ತಿದ್ದುಪಡಿ ಜಾರಿಯಾದ ದಿನ ತಂದೆ ಬದುಕಿರಬೇಕೆಂದಿಲ್ಲ ಎಂದಿತು. 2004ರ ಡಿಸೆಂಬರ್ 20ಕ್ಕೆ ಮುಂಚೆ ವಾಟ್ನಿ ಆಗಿದೆ ಎನ್ನುವವರು ನೋಂದಾಯಿತ ಪತ್ರ ಅಥವಾ ಕೋರ್ಟ್ ಡಿಕ್ರಿ ತೋರಿಸಬೇಕು. ಬರೀ ಬಾಯಿಮಾತಿನ ವಾಟ್ನಿಯನ್ನು ಸರಕಾರಿ ದಾಖಲೆಗಳ ಬೆಂಬಲವಿದ್ದ ಅಪರೂಪದ ಸಂದರ್ಭದಲ್ಲಷ್ಟೇ ಒಪ್ಪಬಹುದು ಎಂದೂ ಅದೇ ತೀರ್ಪು ಹೇಳಿತು.

ನಮ್ಮ ಭಾಗದ ಜಮೀನು ಕೇಸುಗಳಲ್ಲಿ ಹೀಗೆ ಹುಡುಕಬಹುದಾದ ಜಾಗಗಳು ಇನ್ನೂ ಇವೆ. ಪಹಣಿಯಲ್ಲಿ ಹೆಸರಿದೆ ಎಂಬ ಒಂದೇ ಕಾರಣಕ್ಕೆ ಮಾಲೀಕತ್ವ ಕೊಟ್ಟಿದ್ದರೆ ಅದು ಕಾನೂನಿನ ತಪ್ಪು. ಭೂಕಂದಾಯ ಕಾಯ್ದೆಯ 133ನೇ ಕಲಮಿನಡಿ ಪಹಣಿ ಸರಿ ಎಂದು ಭಾವಿಸುವುದು ಅದಕ್ಕೆ ವಿರುದ್ಧವಾದದ್ದು ರುಜುವಾಗುವವರೆಗೆ ಮಾತ್ರ, ಮ್ಯುಟೇಶನ್ (ದಾಖಲೆಯಲ್ಲಿ ಹೆಸರು ಬದಲಾವಣೆ) ಯಾರಿಗೂ ಮಾಲೀಕತ್ವ ಹುಟ್ಟಿಸುವುದಿಲ್ಲ. ಷರತ್ತಿನ ಖರೀದಿ ಎಂದು ಬರೆದ ಹಳೆಯ ಪತ್ರ ಮಾರಾಟವೋ ಅಡಮಾನವೋ ಎಂಬುದು ಪತ್ರದ ಅರ್ಥ ಮಾಡುವ ಪ್ರಶ್ನೆ: ತಿರುಗಿ ಕೊಡುವ ಷರತ್ತು ಅದೇ ಪತ್ರದಲ್ಲಿ ಇರದಿದ್ದರೆ, ಸ್ವತ್ತು ವರ್ಗಾವಣೆ ಕಾಯ್ದೆಯ 58(ಸಿ) ಪ್ರಕಾರ ಅದು ಅಡಮಾನ ಆಗದು. ಗೇಣಿದಾರ ಹೌದೋ ಅಲ್ಲವೋ ಎಂಬುದನ್ನು ಸಿವಿಲ್ ಕೋರ್ಟ್ ತಾನೇ ನಿರ್ಧರಿಸಿಬಿಟ್ಟಿದ್ದರೆ, ಅದು ಸಿವಿಲ್ ಕೋರ್ಟಿನ ಕೆಲಸವಲ್ಲ ಎನ್ನುವ ಭೂ ಸುಧಾರಣಾ ಕಾಯ್ದೆಯ 132, 133ನೇ ಕಲಮುಗಳು ಎದ್ದು ನಿಲ್ಲುತ್ತವೆ. ಮಾಲೀಕತ್ವವೇ ತಕರಾರಿನಲ್ಲಿರುವಾಗ ಘೋಷಣೆ ಕೇಳದೆ ಬರೀ ನಿರ್ಬಂಧಕಾಜ್ಞೆಗೆ ದಾವೆ ಹಾಕಿದವರು, ಅಂಥ ಕಡೆ ಘೋಷಣೆಯನ್ನೂ ಕೇಳಬೇಕು ಎನ್ನುವ ಸುಪ್ರೀಂ ಕೋರ್ಟಿನ 2008ರ ಅನಾತುಲ ಸುಧಾಕರ್ ತೀರ್ಪನ್ನು ಎದುರಿಸಬೇಕಾಗುತ್ತದೆ.

ಖಾಸ್ರಾ ಪಹಣಿಯ ವಿಚಾರ ಹಳೆಯ ಹೈದರಾಬಾದ್ ಸಂಸ್ಥಾನದ ಭಾಗಗಳಲ್ಲಿ ಬರುವಂಥದ್ದು. ನಿಜಾಮರ ಕಾಲದ ಉರ್ದು ಕಾಗದಗಳು, 1954-55ರ ಖಾಸ್ರಾ ಪಹಣಿ, 1950ರ ಹೈದರಾಬಾದ್ ಗೇಣಿ ಕಾಯ್ದೆಯಡಿಯ ರಕ್ಷಿತ ಗೇಣಿದಾರರ ಪಟ್ಟಿ. ಇಂಥ ಕಾಗದ ದಾಖಲೆಯಲ್ಲಿ ಗುರುತಾಗಿದ್ದೂ ಎರಡೂ ತೀರ್ಪುಗಳು ಅದರ ಬಗ್ಗೆ ತುಟಿ ಬಿಚ್ಚದಿದ್ದರೆ ಅದನ್ನು ಬಿಡಬೇಡಿ. ಫಲಿತಾಂಶ ಬದಲಿಸುವಷ್ಟು ಮುಖ್ಯವಾದ ಸಾಕ್ಷ್ಯವನ್ನು ಕಡೆಗಣಿಸಿದ್ದು, ಸಾಕ್ಷ್ಯವೇ ಇಲ್ಲದೆ ತೀರ್ಮಾನಿಸಿದ್ದು, ರುಜುವಾತಿನ ಹೊಣೆಯನ್ನು ತಪ್ಪು ಪಕ್ಷಗಾರರ ಮೇಲೆ ಹೊರಿಸಿದ್ದು, ಇವೆಲ್ಲ ವಾಸ್ತವಾಂಶದ ಅಂಗಿ ತೊಟ್ಟ ಕಾನೂನು ಪ್ರಶ್ನೆಗಳೇ. ಇಂಥ ಕಡೆ ದಾಖಲೆಯಲ್ಲಿರುವ ಸಾಕ್ಷ್ಯ ಸಾಕಷ್ಟಿದ್ದರೆ ಹೈಕೋರ್ಟ್ ತಾನೇ ವಾಸ್ತವಾಂಶ ನಿರ್ಧರಿಸಲು ಸಿಪಿಸಿಯ 103ನೇ ಕಲಂ ದಾರಿ ಬಿಟ್ಟಿದೆ.

ಮೊದಲ ಅಪೀಲಿನ ತೀರ್ಪನ್ನು ಇನ್ನೊಂದು ಕಣ್ಣಿನಿಂದಲೂ ನೋಡಿ. ಆದೇಶ 41ರ 31ನೇ ನಿಯಮದಂತೆ ಅದು ಅಂಶಗಳನ್ನು ರೂಪಿಸಿ ಪ್ರತಿಯೊಂದಕ್ಕೂ ಕಾರಣ ಕೊಡಬೇಕು. ಮೊದಲ ಅಪೀಲು ಕೋರ್ಟ್ ತನ್ನ ಬುದ್ಧಿ ಉಪಯೋಗಿಸಬೇಕು, ಕೆಳಗಿನ ತೀರ್ಪನ್ನು ತಿರುಗಿಸುವಾಗಲಂತೂ ಅಲ್ಲಿನ ಕಾರಣಗಳಿಗೆ ಮುಖಾಮುಖಿಯಾಗಬೇಕು ಎಂದು ಸುಪ್ರೀಂ ಕೋರ್ಟ್ 2001ರ ಸಂತೋಷ್ ಹಜಾರಿ ತೀರ್ಪಿನಲ್ಲಿ ಹೇಳಿದೆ. "ಕೆಳಗಿನ ಕೋರ್ಟಿನ ತೀರ್ಪಿನಲ್ಲಿ ಮಧ್ಯಪ್ರವೇಶಿಸುವ ಅಗತ್ಯ ಕಾಣುವುದಿಲ್ಲ" ಎಂದು ಎರಡು ಪುಟದಲ್ಲಿ ಮುಗಿಸಿದ್ದರೆ, ಅಥವಾ ನೀವು ಕೊಟ್ಟ ಹೆಚ್ಚುವರಿ ಸಾಕ್ಷ್ಯದ ಅರ್ಜಿಗೆ ಆದೇಶವನ್ನೇ ಮಾಡದಿದ್ದರೆ, ಪ್ರಕರಣ ಹಿಂದಕ್ಕೆ ಹೋಗಿ ಹೊಸದಾಗಿ ವಿಚಾರಣೆಯಾಗುವ ಸಾಧ್ಯತೆ ಇದೆ.

ಹಾಗೆಂದು ಮನೆಯ ಅಟ್ಟದಲ್ಲಿ ಈಗ ಸಿಕ್ಕ ಹೊಸ ಕಾಗದವನ್ನು ಹೈಕೋರ್ಟಿನಲ್ಲಿ ಸುಲಭವಾಗಿ ಹಾಕಬಹುದು ಎಂದುಕೊಳ್ಳಬೇಡಿ. ಆದೇಶ 41ರ 27ನೇ ನಿಯಮದ ದಾರಿ ಕಿರಿದು. ಇಷ್ಟು ವರ್ಷ ಎಷ್ಟು ಹುಡುಕಿದರೂ ಸಿಗಲಿಲ್ಲ ಎಂದು ತೋರಿಸಬೇಕು.

ಕಾಗದದ ಗಂಟು

ವಕೀಲರ ಬಳಿ ಹೋಗುವಾಗ ಕೈಯಲ್ಲಿರಬೇಕಾದವು: ಮೊದಲ ಅಪೀಲು ಕೋರ್ಟಿನ ತೀರ್ಪು ಮತ್ತು ಡಿಕ್ರಿ, ವಿಚಾರಣಾ ಕೋರ್ಟಿನ ತೀರ್ಪು ಮತ್ತು ಡಿಕ್ರಿ, ನಾಲ್ಕೂ ದೃಢೀಕೃತ ನಕಲುಗಳು. ತೀರ್ಪು ತಂದು ಡಿಕ್ರಿ ಮರೆಯುವವರು ಬಹಳ. ಇವುಗಳ ಜೊತೆ ದಾವೆ ಅರ್ಜಿ, ಕೈಫಿಯತ್ತು (ಪ್ರತಿವಾದಿಯ ಲಿಖಿತ ಉತ್ತರ), ಎರಡೂ ಕಡೆಯ ಸಾಕ್ಷಿಗಳ ಹೇಳಿಕೆ, ಪಾಟೀಸವಾಲು, ಗುರುತಾದ ಮುಖ್ಯ ದಾಖಲೆಗಳು. ಕೆಳಗಿನ ಕೋರ್ಟಿನ ಮೂಲ ಕಡತವನ್ನು ಹೈಕೋರ್ಟ್ ಆಮೇಲೆ ತರಿಸಿಕೊಳ್ಳುತ್ತದೆ, ಆದರೆ ಪ್ರಶ್ನೆ ಬರೆಯಲು ನಿಮ್ಮ ವಕೀಲರಿಗೆ ಇವು ಮೊದಲೇ ಬೇಕು. ಉರ್ದು ಕಾಗದಕ್ಕೆ ಅನುವಾದ ಮಾಡಿಸಿ. ಕೆಳಗಿನ ಕೋರ್ಟಿನಲ್ಲಿ ಅನುವಾದ ಹಾಕಿದ್ದರೆ ಮೂಲದ ಜೊತೆ ಓದಬಲ್ಲವರಿಂದ ಒಮ್ಮೆ ತಾಳೆ ನೋಡಿಸಿ. ಹಳೆಯ ಶಿಕಸ್ತಾ (ಉರ್ದುವಿನ ಕೂಡುಬರಹದ ಶೈಲಿ) ಬರಹ ಓದುವವರು ಕಡಿಮೆಯಾಗುತ್ತಿದ್ದಾರೆ.

ಪಕ್ಷಗಾರರ ಪಟ್ಟಿ ತಪ್ಪದಿರಲಿ. ಮೊದಲ ಅಪೀಲಿನಲ್ಲಿದ್ದ ಎಲ್ಲರೂ ಇಲ್ಲೂ ಇರಬೇಕು. ಯಾರಾದರೂ ತೀರಿಕೊಂಡಿದ್ದರೆ ಅವರ ವಾರಸುದಾರರ ಹೆಸರು, ವಯಸ್ಸು, ವಿಳಾಸ ಬರೆದುಕೊಂಡು ಹೋಗಿ.

ಕೋರ್ಟ್ ಶುಲ್ಕ ಸಾಮಾನ್ಯವಾಗಿ ಮೂಲ ದಾವೆಯಲ್ಲಿ ಆ ವಿಷಯಕ್ಕೆ ಕಟ್ಟಿದಷ್ಟೇ. 1958ರ ಕರ್ನಾಟಕ ಕೋರ್ಟ್ ಶುಲ್ಕ ಕಾಯ್ದೆಯ 49ನೇ ಕಲಂ ಇದನ್ನು ಹೇಳುತ್ತದೆ. ಇಡೀ ಡಿಕ್ರಿಯ ಮೇಲಲ್ಲದೆ ಒಂದು ಸರ್ವೇ ನಂಬರಿನ ಬಗ್ಗೆ ಮಾತ್ರ ಅಪೀಲು ಇದ್ದರೆ ಅಷ್ಟಕ್ಕೇ ಶುಲ್ಕ. ನಿಜವಾದ ಖರ್ಚು ವಕೀಲರ ಫೀ, ನಕಲು, ಟೈಪಿಂಗ್‌ನದು. ಅದನ್ನು ಮೊದಲೇ ಬಾಯಿಬಿಟ್ಟು ಮಾತಾಡಿಕೊಳ್ಳಿ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು ಆದಾಯ ಎಷ್ಟೇ ಇದ್ದರೂ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೇ ಕಲಮಿನಡಿ ಉಚಿತ ವಕೀಲರಿಗೆ ಅರ್ಹರು; ವಿಚಾರಿಸಲು 15100 ಸಂಖ್ಯೆ ಇದೆ.

ಹಾಕಿದ ಮೇಲೆ

ಕಚೇರಿ ಪರಿಶೀಲನೆಯಲ್ಲಿ ಆಕ್ಷೇಪಣೆಗಳು ಬರುತ್ತವೆ: ಪುಟ ಸಂಖ್ಯೆ ಇಲ್ಲ, ನಕಲು ಮಸುಕು, ಶುಲ್ಕ ಕಡಿಮೆ. ಸರಿಪಡಿಸಿದ ಮೇಲೆ ಆರ್‌ಎಸ್‌ಎ ಸಂಖ್ಯೆ ಬೀಳುತ್ತದೆ. ಕಲಬುರಗಿ ಪೀಠದ ಸಂಖ್ಯೆಗಳು ಎರಡು ಲಕ್ಷದ ಸಾಲಿನಲ್ಲಿ ಇರುವುದರಿಂದ ನೋಡಿದ ತಕ್ಷಣ ಗೊತ್ತಾಗುತ್ತದೆ. ಆ ಸಂಖ್ಯೆ ಇದ್ದರೆ ಇ-ಕೋರ್ಟ್ಸ್ ಆ್ಯಪಿನಲ್ಲೋ ಹೈಕೋರ್ಟಿನ ಜಾಲತಾಣದಲ್ಲೋ ನಿಮ್ಮ ಫೋನಿನಲ್ಲೇ ತಾರೀಖು ನೋಡಿಕೊಳ್ಳಬಹುದು.

ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ. ಆದೇಶ 41ರ 5ನೇ ನಿಯಮ ಇದನ್ನು ಬಿಡಿಸಿ ಹೇಳಿದೆ, ಆದರೂ "ಹೈಕೋರ್ಟಿಗೆ ಹಾಕೀವಿ" ಎಂದು ನಿಶ್ಚಿಂತೆಯಿಂದ ಕುಳಿತವರ ಹೊಲಕ್ಕೆ ಬೇಲಿಫ್ ಬಂದ ಉದಾಹರಣೆಗಳು ಕಡಿಮೆಯಿಲ್ಲ. ಸ್ವಾಧೀನ ಕೈತಪ್ಪುವ ಭಯವಿದ್ದರೆ ಅಪೀಲಿನ ಜೊತೆಗೇ ಸ್ಟೇ ಅರ್ಜಿ ಹಾಕಿ. ಡಿಕ್ರಿ ಜಾರಿ ಮಾಡಿಸಲು ಎದುರಾಳಿ ಹಾಕಿದ ಅಮಲ್ಜಾರಿ ಅರ್ಜಿ ಎಲ್ಲಿ, ಯಾವ ಹಂತದಲ್ಲಿದೆ, ಮುಂದಿನ ತಾರೀಖು ಏನು ಎಂಬುದನ್ನು ಪ್ರಮಾಣಪತ್ರದಲ್ಲಿ ಬರೆಯಿರಿ. ಅನಗತ್ಯ ತಡ ಮಾಡಿಲ್ಲ, ಸ್ಟೇ ಸಿಗದಿದ್ದರೆ ದೊಡ್ಡ ನಷ್ಟ, ಭದ್ರತೆ ಕೊಡಲು ಸಿದ್ಧ, ಈ ಮೂರನ್ನು ಕೋರ್ಟ್ ನೋಡುತ್ತದೆ.

ನಂತರ ಅಡ್ಮಿಷನ್ ವಿಚಾರಣೆ. ಏಕಸದಸ್ಯ ಪೀಠದ ಮುಂದೆ ನಿಮ್ಮ ವಕೀಲರಿಗೆ ಸಿಗುವುದು ಕೆಲವೇ ನಿಮಿಷ. ಬಹುಪಾಲು ಅಪೀಲುಗಳ ಹಣೆಬರಹ ಇಲ್ಲೇ ನಿರ್ಧಾರವಾಗುವುದರಿಂದ, ನನ್ನ ಮಟ್ಟಿಗೆ ಈ ದಿನದ ತಯಾರಿಯೇ ಅಂತಿಮ ವಾದಕ್ಕಿಂತ ಮುಖ್ಯ. ಪ್ರಶ್ನೆ ಇದೆ ಎನಿಸಿದರೆ ಕೋರ್ಟ್ 100(4)ರಂತೆ ಅದನ್ನು ತಾನೇ ರೂಪಿಸಿ ಅಪೀಲು ದಾಖಲಿಸಿಕೊಳ್ಳುತ್ತದೆ, ಎದುರಾಳಿಗೆ ನೋಟಿಸ್ ಹೋಗುತ್ತದೆ. ಅಂತಿಮ ವಾದ ಆ ಪ್ರಶ್ನೆಯ ಸುತ್ತಲೇ. ಪ್ರಶ್ನೆಯೇ ಏಳುವುದಿಲ್ಲ ಎಂದು ಎದುರಾಳಿ ವಾದಿಸಬಹುದು. ಕಾರಣ ಬರೆದು ಬೇರೆ ಪ್ರಶ್ನೆಯನ್ನು ಸೇರಿಸುವ ಅಧಿಕಾರವೂ ಕೋರ್ಟಿಗಿದೆ.

ಅಡ್ಮಿಟ್ ಆದ ಅಪೀಲು ವರ್ಷಗಟ್ಟಲೆ ಕಾಯುವುದುಂಟು. ಆ ಅವಧಿಯಲ್ಲಿ ಯಾರಾದರೂ ತೀರಿಕೊಂಡರೆ 90 ದಿನದೊಳಗೆ ವಾರಸುದಾರರನ್ನು ಸೇರಿಸಬೇಕು. ತಪ್ಪಿದರೆ ಅವರ ಮಟ್ಟಿಗೆ ಅಪೀಲು ತಾನಾಗಿಯೇ ರದ್ದಾಗುತ್ತದೆ, ಅದನ್ನು ತೆಗೆಸಲು ಮತ್ತೆ 60 ದಿನ. ಎದುರಾಳಿ ನಿಮ್ಮದೇ ಊರಿನ ದಾಯಾದಿಯಾಗಿದ್ದು, ಅವರ ಮಣ್ಣಿಗೆ ನೀವೇ ಹೋಗಿ ಬಂದಿದ್ದರೆ, ಗೊತ್ತಿರಲಿಲ್ಲ ಎಂದು ಪ್ರಮಾಣ ಮಾಡುವುದು ಕಷ್ಟ. ಸುದ್ದಿ ತಿಳಿದ ವಾರದಲ್ಲೇ ವಕೀಲರಿಗೆ ಫೋನ್ ಮಾಡಿ. ಎದುರಾಳಿ ಜಮೀನು ಮಾರಿದರೆ ಖರೀದಿದಾರ ನಿಮ್ಮ ಅಪೀಲಿನ ಫಲಿತಾಂಶಕ್ಕೆ ಬದ್ಧ, ಸ್ವತ್ತು ವರ್ಗಾವಣೆ ಕಾಯ್ದೆಯ 52ನೇ ಕಲಂ ಅದನ್ನು ನೋಡಿಕೊಳ್ಳುತ್ತದೆ. ಆದರೂ ಪಹಣಿಯನ್ನು ಆಗಾಗ ತೆಗೆಸಿ ನೋಡುತ್ತಿರಿ.

ಗೆದ್ದು ಕುಳಿತವರಿಗೂ ಒಂದು ಮಾತು. ನಿಮ್ಮ ಎದುರಾಳಿ ಹೈಕೋರ್ಟಿಗೆ ಹೋಗುವ ಸೂಚನೆ ಇದ್ದರೆ ಸಿಪಿಸಿಯ 148ಎ ಕಲಮಿನಡಿ ಕಲಬುರಗಿ ಪೀಠದಲ್ಲಿ ಕೇವಿಯಟ್, ಅಂದರೆ ನಮ್ಮನ್ನು ಕೇಳದೆ ಆದೇಶ ಮಾಡಬೇಡಿ ಎಂಬ ಅರ್ಜಿ, ಹಾಕಿಡಿ. ನಿಮಗೆ ತಿಳಿಯದೆ ಸ್ಟೇ ಆಗುವುದನ್ನು ಅದು ತಪ್ಪಿಸುತ್ತದೆ. ಅದರ ಆಯುಷ್ಯ 90 ದಿನ. ಅಪೀಲಿನ 90 ದಿನಕ್ಕೆ ನಕಲಿನ ದಿನಗಳೂ ಸೇರುವುದರಿಂದ ಮೊದಲ ಕೇವಿಯಟ್ ಮುಗಿಯುವ ಮುನ್ನ ಇನ್ನೊಂದು ಹಾಕಬೇಕಾಗುತ್ತದೆ.

ಆರ್‌ಎಸ್‌ಎ ಕೂಡ ಕೈಕೊಟ್ಟರೆ ಸುಪ್ರೀಂ ಕೋರ್ಟಿಗೆ ವಿಶೇಷ ಅನುಮತಿ ಅರ್ಜಿ ಹಾಕಲು 90 ದಿನ. ಅದಕ್ಕೂ ಮೊದಲು, ಅಪೀಲು ಬಾಕಿ ಇರುವಾಗಲೇ, ಇಬ್ಬರೂ ಒಪ್ಪಿದರೆ ಆದೇಶ 23ರ 3ನೇ ನಿಯಮದಂತೆ ರಾಜಿ ಬರೆದು ಅದನ್ನೇ ಡಿಕ್ರಿ ಮಾಡಿಸಿಕೊಳ್ಳಬಹುದು. ಎರಡು ಎಕರೆಯ ದಾವೆಗೆ ಅರ್ಧ ಎಕರೆಯ ಬೆಲೆ ಖರ್ಚಾಗಿದ್ದರೆ ಆ ಮಾತನ್ನು ನಿಮ್ಮ ವಕೀಲರೊಂದಿಗೆ ಎತ್ತಲು ಅಡ್ಮಿಷನ್ ಆದ ಮರುದಿನ ಒಳ್ಳೆಯ ಸಮಯ. ಆಗ ಎರಡೂ ಕಡೆಯವರಿಗೆ ಕಳೆದುಕೊಳ್ಳುವ ಭಯ ಒಂದೇ ಸಮನಾಗಿರುತ್ತದೆ.